ಮೂವತ್ತು ಲಕ್ಷದ ಮನೆ ಸಾಲ ಕೊನೆಗೆ ಎಷ್ಟಾಗುತ್ತದೆ? – ಅಧ್ಯಯನ ಟಿಪ್ಪಣಿ

ತುಮಕೂರಿನ ಕಡೆ ಕೈಸಾಲದ ಮಾತು ಬಂದರೆ ಯಾರೂ ಶೇಕಡಾ ಲೆಕ್ಕ ಹೇಳುವುದಿಲ್ಲ. ‘ಒಂದೂವರೆ ರೂಪಾಯಿ ಬಡ್ಡಿ’, ‘ಎರಡು ರೂಪಾಯಿ ಬಡ್ಡಿ’ ಅಂತಾರೆ. ನೂರು ರೂಪಾಯಿಗೆ ತಿಂಗಳಿಗೆ ಅಷ್ಟು ಅಂತ ಅರ್ಥ. ಎರಡು ರೂಪಾಯಿ ಬಡ್ಡಿ ಅಂದರೆ ವರ್ಷಕ್ಕೆ ಶೇ 24. ಅದೇ ಅಳತೆಯಲ್ಲಿ ಶೇ 8.5ರ ಮನೆ ಸಾಲ ಬರೀ 71 ಪೈಸೆ ಬಡ್ಡಿ. ಅಗ್ಗ ಅನಿಸುತ್ತದೆ, ಅಲ್ವಾ? ದರದ ಮಟ್ಟಿಗೆ ಅಗ್ಗವೇ. ಆದರೆ ಕೈಸಾಲವನ್ನು ಹೇಗೋ ಒಂದೆರಡು ವರ್ಷದಲ್ಲಿ ತೀರಿಸಿಬಿಡುತ್ತೇವೆ. ಇದು 20 ವರ್ಷ ಬೆನ್ನಿಗಿರುತ್ತದೆ. ಮನೆ ಸಾಲದಲ್ಲಿ ದರಕ್ಕಿಂತ ಅವಧಿಯೇ ಜಾಸ್ತಿ ತಿನ್ನುತ್ತದೆ. ಈ ಒಂದು ಮಾತನ್ನು ಹಿಡಿದುಕೊಂಡು ಓದಿ. ಕೆಳಗಿನ ಲೆಕ್ಕಗಳೆಲ್ಲ ಅದರದೇ ಕವಲು.

ಲೆಕ್ಕಕ್ಕೆ ಒಂದು ಮನೆ ಇಟ್ಟುಕೊಳ್ಳೋಣ. ವಸಂತನರಸಾಪುರದ ಕಾರ್ಖಾನೆಯೊಂದರಲ್ಲಿ ಕೆಲಸ ಮಾಡುವವರು ಮರಳೂರು ಕಡೆ 40 ಲಕ್ಷದ ಮನೆ ಕೊಳ್ಳುತ್ತಾರೆ ಅಂದುಕೊಳ್ಳಿ. ಸಾಲ 30 ಲಕ್ಷ, ಬಡ್ಡಿ ಶೇ 8.5, ಅವಧಿ 20 ವರ್ಷ, ಅಂದರೆ 240 ಕಂತು. ಇವೆಲ್ಲ ಉದಾಹರಣೆಯ ಅಂಕಿಗಳು. ನಿಮ್ಮ ಅಂಕಿ ಹಾಕಿ ನೋಡಬೇಕೆಂದರೆ ಎಕ್ಸೆಲ್‌ನಲ್ಲಿ ಪಿಎಂಟಿ ಅನ್ನುವ ಸೂತ್ರ ಇದೆ. ತಿಂಗಳ ದರ (8.5%ಅನ್ನು 12ರಿಂದ ಭಾಗಿಸಿ), ಕಂತುಗಳ ಸಂಖ್ಯೆ, ಸಾಲದ ಮೊತ್ತ ಕೊಟ್ಟರೆ ಸಾಕು.

ಉತ್ತರ: ತಿಂಗಳಿಗೆ 26,035 ರೂಪಾಯಿ. 240 ತಿಂಗಳಿಗೆ ಒಟ್ಟು ಸುಮಾರು 62 ಲಕ್ಷ 48 ಸಾವಿರ. ಅದರಲ್ಲಿ ಬಡ್ಡಿಯೇ 32 ಲಕ್ಷ 48 ಸಾವಿರ. ಅಸಲನ್ನೂ ಮೀರಿತು.

ಮೊದಲ ಕಂತನ್ನು ಬಿಡಿಸಿ ನೋಡಿ

ಬ್ಯಾಂಕಿನವರು ಸಾಲದ ಜೊತೆ ಮರುಪಾವತಿ ಪಟ್ಟಿ ಕೊಡುತ್ತಾರೆ. ಬಹಳ ಜನ ಅದನ್ನು ಮಡಚಿ ಬೀರುವಿನಲ್ಲಿಟ್ಟುಬಿಡುತ್ತಾರೆ. ಇಡೀ ಪಾಠ ಇರುವುದು ಅದರಲ್ಲೇ.

ಮೊದಲ ತಿಂಗಳು ಬಾಕಿ 30 ಲಕ್ಷ. ಅದಕ್ಕೆ ಒಂದು ತಿಂಗಳ ಬಡ್ಡಿ 21,250. ನೀವು ಕಟ್ಟಿದ್ದು 26,035. ಉಳಿದ 4,785 ಮಾತ್ರ ಅಸಲಿಗೆ ಹೋಯಿತು. ಎರಡನೇ ತಿಂಗಳು ಬಾಕಿ 29,95,215. ಬಡ್ಡಿ 21,216, ಅಸಲಿಗೆ 4,819. ಮೂವತ್ತನಾಲ್ಕು ರೂಪಾಯಿ ಈ ಕಡೆಯಿಂದ ಆ ಕಡೆಗೆ ಸರಿಯಿತು, ಅಷ್ಟೇ. ಹೀಗೆ ತೆವಳಿಕೊಂಡೇ ಹೋಗುತ್ತದೆ.

ಒಂದು ವರ್ಷ ಕಳೆದಾಗ ನೀವು ಕಟ್ಟಿದ್ದು 3 ಲಕ್ಷ 12 ಸಾವಿರ. ಸಾಲ ಇಳಿದದ್ದು 60 ಸಾವಿರಕ್ಕೂ ಚೂರು ಕಡಿಮೆ. ಐದು ವರ್ಷಕ್ಕೆ ಕಟ್ಟಿದ್ದು 15 ಲಕ್ಷ 62 ಸಾವಿರ, ಆದರೂ ಬಾಕಿ 26 ಲಕ್ಷ 44 ಸಾವಿರ. ಹತ್ತು ವರ್ಷ, ಅಂದರೆ ಅರ್ಧ ಅವಧಿ ಮುಗಿದಾಗ ಬಾಕಿ 21 ಲಕ್ಷ. ಅರ್ಧ ಸಾಲ, ಅಂದರೆ 15 ಲಕ್ಷ ತೀರುವುದು ಹೆಚ್ಚುಕಮ್ಮಿ 13 ವರ್ಷ 10 ತಿಂಗಳಿಗೆ. ಪ್ರತಿ ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ದಾಟುವುದೇ ಹನ್ನೆರಡನೇ ವರ್ಷದ ಕೊನೆಗೆ.

ಇದರಲ್ಲಿ ಬ್ಯಾಂಕಿನ ಮೋಸವೇನೂ ಇಲ್ಲ. ‘ಬ್ಯಾಂಕಿನವರು ಮೊದಲು ಬಡ್ಡಿ ಹಿಡ್ಕೊಂಡು ಆಮೇಲೆ ಅಸಲಿಗೆ ಹಾಕ್ತಾರೆ’ ಅಂತ ಬೇಸರ ಮಾಡಿಕೊಳ್ಳುವವರನ್ನು ನೀವೂ ನೋಡಿರುತ್ತೀರಿ. ಬಾಕಿ ಇರುವ ಹಣಕ್ಕೆ ಮಾತ್ರ ಬಡ್ಡಿ ಹಾಕುವ ಪದ್ಧತಿ ಇದು. ಶುರುವಿನಲ್ಲಿ ಬಾಕಿ ಜಾಸ್ತಿ, ಹಾಗಾಗಿ ಬಡ್ಡಿಯೂ ಜಾಸ್ತಿ. ಪೂರ್ತಿ 30 ಲಕ್ಷಕ್ಕೆ ಕೊನೆತನಕ ಶೇ 8.5 ಹಾಕಿದ್ದರೆ ಬಡ್ಡಿಯೇ 51 ಲಕ್ಷ ಆಗುತ್ತಿತ್ತು.

ಅವಧಿ ಬದಲಾದರೆ

ಅದೇ 30 ಲಕ್ಷ, ಅದೇ ಶೇ 8.5. 15 ವರ್ಷಕ್ಕೆ ಕಂತು 29,542, ಒಟ್ಟು ಬಡ್ಡಿ ಸುಮಾರು 23 ಲಕ್ಷ 18 ಸಾವಿರ. 30 ವರ್ಷಕ್ಕೆ ಕಂತು 23,067, ಬಡ್ಡಿ 53 ಲಕ್ಷ ಚಿಲ್ಲರೆ.

20 ವರ್ಷದ ಬದಲು 30 ವರ್ಷ ತೆಗೆದುಕೊಂಡರೆ ತಿಂಗಳಿಗೆ ಉಳಿಯುವುದು 2,968 ರೂಪಾಯಿ. ಅದಕ್ಕೆ ಕೊಡುವ ಬೆಲೆ 20 ಲಕ್ಷಕ್ಕೂ ಜಾಸ್ತಿ ಬಡ್ಡಿ. ‘ಕಂತು ಕಡಿಮೆ ಮಾಡಿಕೊಡ್ತೀವಿ ಸಾರ್’ ಅಂದಾಗ ‘ಎಷ್ಟು ತಿಂಗಳು?’ ಅಂತ ಕೇಳಿ. ಕೈ ನಿಜವಾಗಿ ಬಿಗಿ ಇರುವವರು ಉದ್ದ ಅವಧಿ ತೆಗೆದುಕೊಂಡರೆ ತಪ್ಪೇನಿಲ್ಲ. ಆದರೆ ಉಳಿದ ಆ ಮೂರು ಸಾವಿರ ತಿಂಗಳ ಕೊನೆಗೆ ಎಲ್ಲಿ ಹೋಯಿತು ಅನ್ನುವುದೇ ಗೊತ್ತಾಗದಿದ್ದರೆ ಆ ಅನುಕೂಲ ದುಬಾರಿ.

ದರ ಏರಿದಾಗ ಸದ್ದಿಲ್ಲದೆ ಆಗುವುದು

ನನ್ನ ಪ್ರಕಾರ ಈ ವಿಷಯದಲ್ಲಿ ಎಲ್ಲಕ್ಕಿಂತ ಮುಖ್ಯ ಭಾಗ ಇದು. ಇದರ ಬಗ್ಗೆಯೇ ಜನ ಕಡಿಮೆ ಮಾತಾಡುತ್ತಾರೆ.

ಬ್ಯಾಂಕುಗಳ ಮನೆ ಸಾಲ ಬಹುತೇಕ ಬದಲಾಗುವ ದರದ್ದು. 2019ರ ಅಕ್ಟೋಬರ್ 1ರಿಂದ ಇಂಥ ಹೊಸ ಸಾಲಗಳನ್ನು ಬ್ಯಾಂಕಿನ ಹೊರಗಿನ ಒಂದು ದರಕ್ಕೆ ಜೋಡಿಸಬೇಕು ಅಂತ ರಿಸರ್ವ್ ಬ್ಯಾಂಕ್ ನಿಯಮ ಮಾಡಿತು. ಹೆಚ್ಚಿನ ಬ್ಯಾಂಕುಗಳು ರೆಪೊ ದರವನ್ನು, ಅಂದರೆ ರಿಸರ್ವ್ ಬ್ಯಾಂಕ್ ಬೇರೆ ಬ್ಯಾಂಕುಗಳಿಗೆ ಸಾಲ ಕೊಡುವ ದರವನ್ನು ಹಿಡಿದುಕೊಂಡವು. ರೆಪೊ ಜೊತೆಗೆ ಬ್ಯಾಂಕಿನ ಸ್ವಂತ ಪಾಲು ಸೇರಿದರೆ ನಿಮ್ಮ ದರ. ಕನಿಷ್ಠ ಮೂರು ತಿಂಗಳಿಗೊಮ್ಮೆ ಅದನ್ನು ಹೊಂದಿಸಬೇಕು.

ಈಗ ನಮ್ಮ ಉದಾಹರಣೆಯಲ್ಲಿ ಶುರುವಿನಲ್ಲೇ ದರ 8.5ರಿಂದ 9.5ಕ್ಕೆ ಏರಿತು ಅನ್ನಿ. ಕಂತು ಅದೇ 26,035. ಹಾಗಾದರೆ ಏರಿದ ಬಡ್ಡಿ ಎಲ್ಲಿ ಹೋಯಿತು? ಅವಧಿಗೆ ಹೋಯಿತು. 240 ತಿಂಗಳು ಇದ್ದದ್ದು 309 ಆಗುತ್ತದೆ. ಸುಮಾರು 69 ತಿಂಗಳು ಹೆಚ್ಚು, ಹತ್ತಿರ ಹತ್ತಿರ 18 ಲಕ್ಷ ರೂಪಾಯಿ. ಖಾತೆಯಿಂದ ಹೋಗುವ ಹಣ ಒಂದು ರೂಪಾಯಿಯೂ ಬದಲಾಗಿಲ್ಲ. ಹಾಗಾಗಿ ಯಾರ ಗಮನಕ್ಕೂ ಬರುವುದಿಲ್ಲ. 55ಕ್ಕೆ ಮುಗಿಯುತ್ತದೆ ಅಂದುಕೊಂಡ ಸಾಲ ನಿವೃತ್ತಿ ದಾಟಿ ಹೋಗಿರುತ್ತದೆ.

ಇದು ಬರೀ ಕಾಗದದ ಲೆಕ್ಕವಲ್ಲ. 2022ರ ಮೇ ತಿಂಗಳಿಗೆ ಮುಂಚೆ ರೆಪೊ ಶೇ 4 ಇತ್ತು. 2023ರ ಫೆಬ್ರವರಿಗೆ ಶೇ 6.5 ಆಯಿತು. ಒಂದು ವರ್ಷದೊಳಗೆ ಎರಡೂವರೆ! ಶೇ 7ಕ್ಕೆ 30 ಲಕ್ಷವನ್ನು 20 ವರ್ಷಕ್ಕೆ ತೆಗೆದುಕೊಂಡವರ ಕಂತು 23,259. ದರ 9.5 ಆದರೆ 30 ಲಕ್ಷಕ್ಕೆ ತಿಂಗಳ ಬಡ್ಡಿಯೇ 23,750. ಕಂತು ಬಡ್ಡಿಗೂ ಸಾಲದು. ಹಾಗೆ ಬಿಟ್ಟರೆ ಸಾಲ ತೀರುವ ಬದಲು ಬೆಳೆಯುತ್ತದೆ.

2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಇದಕ್ಕೊಂದು ಸುತ್ತೋಲೆ ಹೊರಡಿಸಿತು. ದರ ಏರಿದಾಗ ಕಂತು ಹೆಚ್ಚಿಸಬೇಕಾ, ಅವಧಿ ಹೆಚ್ಚಿಸಬೇಕಾ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕಾ ಅಂತ ಆರಿಸಿಕೊಳ್ಳುವ ಅವಕಾಶವನ್ನು ಸಾಲಗಾರರಿಗೆ ಕೊಡಬೇಕು. ಬದಲಾವಣೆಯನ್ನು ತಿಳಿಸಬೇಕು. ಮೂರು ತಿಂಗಳಿಗೊಮ್ಮೆ ಕೊಡುವ ವಿವರದಲ್ಲಿ ಎಷ್ಟು ಕಂತು ಉಳಿದಿದೆ ಅನ್ನುವುದೂ ಇರಬೇಕು. ನೋಡಬೇಕಾದ ಜಾಗ ಅದೇ. ಕಂತಿನ ಮೊತ್ತ ಎಸ್ಎಂಎಸ್‌ನಲ್ಲಿ ಹೇಗೂ ಬರುತ್ತದೆ.

2025ರ ಫೆಬ್ರವರಿಯಿಂದ ರೆಪೊ ಇಳಿಯತೊಡಗಿತು. ಇಳಿದಾಗ ಲೆಕ್ಕ ತಿರುಗುತ್ತದೆ. ಕಂತು ಹಾಗೇ ಇಟ್ಟುಕೊಂಡರೆ ಅವಧಿ ಕುಗ್ಗುತ್ತದೆ. ಇಳಿದ ಕಂತಿನ ಆಸೆಗೆ ಬಿದ್ದರೆ ಆ ಲಾಭ ಹೋಯಿತು. ನಿಮ್ಮದು 2019ಕ್ಕಿಂತ ಹಿಂದಿನ ಸಾಲವಾಗಿದ್ದರೆ ಅದು ಹಳೇ ಪದ್ಧತಿಯಲ್ಲೇ ಉಳಿದಿರಬಹುದು, ದರ ಇಳಿದದ್ದು ನಿಮಗೆ ತಲುಪುವುದು ನಿಧಾನ. ಬ್ಯಾಂಕಿಗೆ ಹೋಗಿ ಕೇಳಿ ಬದಲಾಯಿಸಿಕೊಳ್ಳಬಹುದು.

ಸೈಟಿನ ದಾಖಲೆಯೂ ಬಡ್ಡಿ ಏರಿಸುತ್ತದೆ

ಪಠ್ಯಪುಸ್ತಕದಲ್ಲಿ ಸಿಗದ ವಿಷಯ. ಊರ ಅಂಚಿನ ಹಳ್ಳಿಗಳಲ್ಲಿ ಸೈಟು ಅಗ್ಗಕ್ಕೆ ಸಿಕ್ಕಿತು ಅಂತ ಕೊಳ್ಳುವವರಿದ್ದಾರೆ. ಭೂಪರಿವರ್ತನೆ ಆಗಿಲ್ಲ, ಬಡಾವಣೆ ನಕ್ಷೆಗೆ ನಗರಾಭಿವೃದ್ಧಿ ಪ್ರಾಧಿಕಾರದ ಒಪ್ಪಿಗೆ ಇಲ್ಲ ಅಂದರೆ ಅದು ರೆವಿನ್ಯೂ ಸೈಟು. ಸರ್ಕಾರಿ ಬ್ಯಾಂಕುಗಳು ಸಾಮಾನ್ಯವಾಗಿ ಸಾಲ ಇಲ್ಲ ಅಂತ ಕೈ ಆಡಿಸಿಬಿಡುತ್ತವೆ. ಸಾಲ ಕೊಡುವ ಕೆಲವು ಹಣಕಾಸು ಸಂಸ್ಥೆಗಳ ದರ ಜಾಸ್ತಿ. ಶೇ 11 ಅಂತ ಇಟ್ಟುಕೊಂಡರೆ 30 ಲಕ್ಷಕ್ಕೆ ಕಂತು 30,966. ಶೇ 8.5ಕ್ಕೆ ಹೋಲಿಸಿದರೆ 20 ವರ್ಷಕ್ಕೆ ಸುಮಾರು 11 ಲಕ್ಷ 83 ಸಾವಿರ ಹೆಚ್ಚು. ಸೈಟಿನಲ್ಲಿ ಉಳಿಸಿದ ದುಡ್ಡಿನ ಜೊತೆ ಇದನ್ನು ಪಕ್ಕದಲ್ಲಿಟ್ಟು ನೋಡಬೇಕು.

ಕಂತಿಗೆ ಮುಂಚಿನ ಖರ್ಚು

40 ಲಕ್ಷದ ಮನೆಗೆ ಮುದ್ರಾಂಕ ಶುಲ್ಕ ಶೇ 5. ಅದರ ಮೇಲೆ ಸೆಸ್ ಮತ್ತು ಸರ್‌ಚಾರ್ಜ್ ಸೇರಿ ನಗರದಲ್ಲಿ ಶೇ 5.6. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1ರ ಬದಲು ಶೇ 2. ಒಟ್ಟು ಶೇ 7.6, ಅಂದರೆ 3 ಲಕ್ಷ 4 ಸಾವಿರ. ಇದಕ್ಕೆ ಬ್ಯಾಂಕು ಸಾಲ ಕೊಡುವುದಿಲ್ಲ, ಕೈಯಿಂದಲೇ ಹಾಕಬೇಕು. ಸಾಲ 30 ಲಕ್ಷದವರೆಗಾದರೆ ಮನೆ ಬೆಲೆಯ ಶೇ 90ರವರೆಗೆ, ಅದನ್ನು ದಾಟಿ 75 ಲಕ್ಷದವರೆಗೆ ಶೇ 80ರವರೆಗೆ ಮಾತ್ರ ಕೊಡಬಹುದು. ಹೀಗಾಗಿ ನಮ್ಮ ಉದಾಹರಣೆಯವರಿಗೆ ಕೈಯಲ್ಲಿ 13 ಲಕ್ಷ ಇರಬೇಕು. ಇಲ್ಲದವರು ಚೀಟಿ ಎತ್ತುತ್ತಾರೆ, ಒಡವೆ ಇಡುತ್ತಾರೆ, ಎರಡು ರೂಪಾಯಿ ಬಡ್ಡಿಗೆ ತರುತ್ತಾರೆ. 3 ಲಕ್ಷಕ್ಕೆ ಎರಡು ರೂಪಾಯಿ ಬಡ್ಡಿ ಅಂದರೆ ತಿಂಗಳಿಗೆ 6,000. ಮನೆ ಸಾಲದ ಲೆಕ್ಕಕ್ಕೆ ಇದನ್ನೂ ಸೇರಿಸದಿದ್ದರೆ ಲೆಕ್ಕ ಸುಳ್ಳಾಗುತ್ತದೆ.

ಸಂಸ್ಕರಣಾ ಶುಲ್ಕ, ವಕೀಲರ ಅಭಿಪ್ರಾಯ, ಮೌಲ್ಯಮಾಪನ ಇವೆಲ್ಲ ಸಣ್ಣವು. ವಿಮೆ ಮಾತ್ರ ಸಣ್ಣದಲ್ಲ. ಒಂದೇ ಸಲ ಕಟ್ಟುವ 1 ಲಕ್ಷದ ಪ್ರೀಮಿಯಂ ಅನ್ನು ಸಾಲಕ್ಕೇ ಸೇರಿಸಿದರು ಅನ್ನಿ. ಆ ಲಕ್ಷಕ್ಕೂ 20 ವರ್ಷ ಬಡ್ಡಿ. ಕೊನೆಗೆ 2 ಲಕ್ಷ 8 ಸಾವಿರ ಕಟ್ಟಿರುತ್ತೀರಿ. ದುಡಿಯುವವರೊಬ್ಬರೇ ಇದ್ದರೆ ಜೀವ ವಿಮೆ ಬೇಕೇ ಬೇಕು. ಅದನ್ನು ಬ್ಯಾಂಕು ತೋರಿಸಿದ ಕಂಪನಿಯಿಂದಲೇ ಕೊಳ್ಳಬೇಕು ಅಂತೇನಿಲ್ಲ.

2024ರ ಅಕ್ಟೋಬರ್ 1ರಿಂದ ಸಾಲ ಕೊಡುವ ಮುಂಚೆ ಮುಖ್ಯಾಂಶಗಳ ಹೇಳಿಕೆ ಅನ್ನುವ ಪತ್ರ ಕೊಡುವುದು ಕಡ್ಡಾಯ. ಅದರಲ್ಲಿ ಶುಲ್ಕಗಳೆಲ್ಲ ಸೇರಿದ ವಾರ್ಷಿಕ ದರ ಇರುತ್ತದೆ. ಎರಡು ಬ್ಯಾಂಕು ಹೋಲಿಸುವಾಗ ಆ ಅಂಕಿ ಹೋಲಿಸಿ, ಬೋರ್ಡಿನಲ್ಲಿ ದಪ್ಪಕ್ಷರದಲ್ಲಿ ಬರೆದದ್ದನ್ನಲ್ಲ.

ಮುಂಚೆ ಕಟ್ಟಿದರೆ

ಒಂದು ವರ್ಷ ಮುಗಿದಾಗ 1 ಲಕ್ಷ ಹೆಚ್ಚಿಗೆ ಕಟ್ಟಿ, ಕಂತು ಹಾಗೇ ಇಟ್ಟುಕೊಂಡರೆ 18 ತಿಂಗಳು ಕಡಿಮೆಯಾಗುತ್ತದೆ. ಉಳಿಯುವ ಬಡ್ಡಿ ಸುಮಾರು 3 ಲಕ್ಷ 70 ಸಾವಿರ. ಅದೇ ಲಕ್ಷವನ್ನು 15 ವರ್ಷ ಆದಮೇಲೆ ಕಟ್ಟಿದರೆ ಉಳಿಯುವುದು ಬರೀ 50 ಸಾವಿರ. ಪ್ರತಿ ವರ್ಷ ಒಂದೇ ಒಂದು ಕಂತು ಹೆಚ್ಚಿಗೆ ಕಟ್ಟುತ್ತಾ ಹೋದರೆ ಸಾಲ 16 ವರ್ಷ 9 ತಿಂಗಳಿಗೆ ತೀರುತ್ತದೆ, 6 ಲಕ್ಷಕ್ಕೂ ಜಾಸ್ತಿ ಉಳಿಯುತ್ತದೆ. ಬೋನಸ್ಸೋ, ಅಡಿಕೆ ಮಾರಿದ ದುಡ್ಡೋ, ಎಲ್ಲಿಂದಲಾದರೂ ಸರಿ.

ಬದಲಾಗುವ ದರದ ಮನೆ ಸಾಲವನ್ನು ಮುಂಚೆ ತೀರಿಸಿದರೆ ವ್ಯಕ್ತಿಗಳಿಗೆ ದಂಡ ಹಾಕುವಂತಿಲ್ಲ. ಕಟ್ಟುವಾಗ ‘ಅವಧಿ ಕಡಿಮೆ ಮಾಡಿ’ ಅಂತ ಬರೆದುಕೊಡಿ. ಸುಮ್ನೆ ಇದ್ದರೆ ಕೆಲವು ಕಡೆ ಕಂತು ಇಳಿಸಿಬಿಡುತ್ತಾರೆ.

ಇನ್ನೊಂದು ಮಗ್ಗುಲು

32 ಲಕ್ಷ ಬಡ್ಡಿ ಪೂರ್ತಿ ನಷ್ಟ ಅಂತ ಹೇಳುವುದೂ ತಪ್ಪು. ಇಪ್ಪತ್ತನೇ ವರ್ಷದ 26,035 ಇವತ್ತಿನ 26,035 ಅಲ್ಲ. ಬೆಲೆಗಳು ವರ್ಷಕ್ಕೆ ಶೇ 6 ಏರಿದರೆ ಅದು ಇವತ್ತಿನ 8,100 ರೂಪಾಯಿಗೆ ಸಮ. ಉಳಿಸಿದ ಬಾಡಿಗೆಯನ್ನೂ ಕಳೆಯಬೇಕು. ತಿಂಗಳಿಗೆ 10,000ದಿಂದ ಶುರುವಾಗಿ ವರ್ಷಕ್ಕೆ ಶೇ 5 ಏರುವ ಬಾಡಿಗೆ 20 ವರ್ಷಕ್ಕೆ 39 ಲಕ್ಷ 68 ಸಾವಿರ ಆಗುತ್ತದೆ. ಇನ್ನೊಂದು ಕಡೆ ಸ್ವಂತ ಮನೆಗೆ ಕಂದಾಯ, ಸುಣ್ಣಬಣ್ಣ, ಕೆಟ್ಟ ಮೋಟರು, ಬತ್ತಿದ ಬೋರ್‌ವೆಲ್ ಇದ್ದೇ ಇರುತ್ತವೆ.

ತೆರಿಗೆ ಉಳಿತಾಯವನ್ನು ಜನ ದೊಡ್ಡದು ಮಾಡಿ ಹೇಳುತ್ತಾರೆ. ತಾನೇ ವಾಸಿಸುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗಿನ ವಿನಾಯಿತಿ ಹಳೇ ತೆರಿಗೆ ಪದ್ಧತಿಯಲ್ಲಿ ಮಾತ್ರ. ಹೊಸದರಲ್ಲಿ ಇಲ್ಲ. ಹಳೇದರಲ್ಲಿ ಇದ್ದರೂ ಶೇ 20ರ ಹಂತದವರಿಗೆ ಸಿಗುವುದು ಹೆಚ್ಚೆಂದರೆ 41,600. ಅದಕ್ಕೆ ಕಟ್ಟಿದ ಬಡ್ಡಿ ಮೊದಲ ವರ್ಷ 2 ಲಕ್ಷ 53 ಸಾವಿರ. ‘ಟ್ಯಾಕ್ಸ್ ಉಳಿಯುತ್ತೆ, ಸಾಲ ಇರಲಿ ಬಿಡಿ’ ಅನ್ನುವವರ ಲೆಕ್ಕ ಇಷ್ಟೇ.

ಸಾಲ ತೀರಿದ ದಿನ

ಕೊನೇ ಕಂತು ಕಟ್ಟಿದೊಡನೆ ಕೆಲಸ ಮುಗಿಯಲಿಲ್ಲ. ಮೂಲ ಪತ್ರಗಳನ್ನು ಬ್ಯಾಂಕು 30 ದಿನದೊಳಗೆ ಹಿಂತಿರುಗಿಸಬೇಕು. ಬ್ಯಾಂಕಿನ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ನಿಮಗೆ ಕೊಡಬೇಕು. ಈ ನಿಯಮ 2023ರ ಡಿಸೆಂಬರ್ 1ರಿಂದ ಇದೆ. ಪತ್ರ ತೆಗೆದುಕೊಳ್ಳುವಾಗ, ಸಾಲ ಕೊಟ್ಟಾಗ ಬ್ಯಾಂಕು ಬರೆದುಕೊಟ್ಟಿದ್ದ ಪಟ್ಟಿ ಹಿಡಿದು ಒಂದೊಂದನ್ನೇ ತಾಳೆ ನೋಡಿ. ಆಮೇಲೆ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಅಡಮಾನದ ನೋಂದಣಿ ರದ್ದು ಮಾಡಿಸಿ, ಹೊಸ ಇಸಿ (ಆಸ್ತಿಯ ಮೇಲಿನ ಋಣಭಾರ ತೋರಿಸುವ ಪ್ರಮಾಣಪತ್ರ) ತೆಗೆಸಿ. ಅದರಲ್ಲಿ ಬ್ಯಾಂಕಿನ ಸಾಲ ತೀರಿದ ದಾಖಲೆ ಬಂದಿಲ್ಲದಿದ್ದರೆ, ಮುಂದೆ ಮನೆ ಮಾರುವ ಹೊತ್ತಿಗೆ ಮತ್ತೆ ಅದೇ ಬ್ಯಾಂಕಿನ ಬಾಗಿಲಿಗೆ ಅಲೆಯಬೇಕಾಗುತ್ತದೆ.