ಇಬ್ಬರದೂ 22.3

ಪುಣೆಯ ಮಧುಮೇಹ ತಜ್ಞ ಚಿತ್ತರಂಜನ್ ಯಾಜ್ಞಿಕ್ ಮತ್ತು ಬ್ರಿಟನ್ನಿನ ವೈದ್ಯ ಜಾನ್ ಯುಡ್ಕಿನ್ ಸೇರಿ 2004ರಲ್ಲಿ ‘ಲ್ಯಾನ್ಸೆಟ್’ ಎಂಬ ವೈದ್ಯಕೀಯ ಪತ್ರಿಕೆಗೆ ಒಂದು ಪುಟ್ಟ ಬರಹ ಬರೆದರು. ಜೊತೆಗೆ ತಮ್ಮಿಬ್ಬರ ಫೋಟೊ. ಇಬ್ಬರೂ ತೆಳ್ಳಗಿನವರು. ಕಿಲೋ ಲೆಕ್ಕದ ತೂಕವನ್ನು ಮೀಟರ್ ಲೆಕ್ಕದ ಎತ್ತರದ ವರ್ಗದಿಂದ ಭಾಗಿಸಿದರೆ ಸಿಗುವ ಬಿಎಂಐ ಇಬ್ಬರಿಗೂ 22.3. ಆದರೆ ಮೈಯೊಳಗಿನ ಕೊಬ್ಬನ್ನು ಅಳೆದಾಗ ಯುಡ್ಕಿನ್ ಅವರಲ್ಲಿ ಶೇ 9.1, ಯಾಜ್ಞಿಕ್ ಅವರಲ್ಲಿ ಶೇ 21.2 ಇತ್ತು. ಒಬ್ಬರು ಮ್ಯಾರಥಾನ್ ಓಡುವವರು. ಇನ್ನೊಬ್ಬರ ಮುಖ್ಯ ವ್ಯಾಯಾಮ, ಅವರೇ ತಮಾಷೆಗೆ ಬರೆದುಕೊಂಡಂತೆ, ಬೆಳಿಗ್ಗೆ ಆಸ್ಪತ್ರೆಯ ಲಿಫ್ಟಿನ ಬಾಗಿಲು ಮುಚ್ಚುವ ಮೊದಲು ಓಡಿ ಒಳಸೇರುವುದು!

ಮದುವೆ ಮನೆಗಳಲ್ಲಿ ಮೈಗಾತ್ರ ನೋಡಿಯೇ ಆರೋಗ್ಯದ ತೀರ್ಪು ಕೊಡುವ ಹಿರಿಯರಿಗೆ ಈ ಫೋಟೊ ತೋರಿಸಬೇಕು. ‘ಏನಮ್ಮ, ಇಷ್ಟು ದಪ್ಪಗಾಗಿದ್ದೀಯ?’ ಎಂದು ಕೇಳಿಸಿಕೊಂಡವಳ ರಕ್ತದ ಸಕ್ಕರೆ ಸರಿಯಾಗಿಯೇ ಇರಬಹುದು. ಪಕ್ಕದಲ್ಲಿ ಕಡ್ಡಿಯಂತೆ ಕುಳಿತು ಎರಡನೇ ಹೋಳಿಗೆಗೂ ತುಪ್ಪ ಹಾಕಿಸಿಕೊಳ್ಳುವವನನ್ನು ಮಾತ್ರ ಯಾರೂ ಏನೂ ಕೇಳುವುದಿಲ್ಲ.

ಬಿಎಂಐ ಲೆಕ್ಕ ಹುಟ್ಟಿದ್ದು ವೈದ್ಯರಿಂದಲ್ಲ. 19ನೇ ಶತಮಾನದ ಬೆಲ್ಜಿಯಂನ ಅಡಾಲ್ಫ್ ಕೆಟ್ಲೆ ಖಗೋಳಜ್ಞ, ಸಂಖ್ಯಾಶಾಸ್ತ್ರಜ್ಞ. ಅವರು ಹುಡುಕುತ್ತಿದ್ದದ್ದು ಸರಾಸರಿ ಮನುಷ್ಯನ ಅಳತೆಯನ್ನು. ಈಗಿನ ಹೆಸರನ್ನು ಕೊಟ್ಟವರು ಅಮೆರಿಕದ ಶರೀರಶಾಸ್ತ್ರಜ್ಞ ಆನ್ಸೆಲ್ ಕೀಸ್, 1972ರಲ್ಲಿ. ಇಡೀ ಜನಸಮೂಹದ ಅಂದಾಜಿಗೆ ಅದು ಈಗಲೂ ಉಪಯುಕ್ತ. ಆದರೆ ಒಬ್ಬ ವ್ಯಕ್ತಿಯಲ್ಲಿ ಸ್ನಾಯು ಎಷ್ಟು, ಕೊಬ್ಬು ಎಷ್ಟು, ಆ ಕೊಬ್ಬು ಎಲ್ಲಿದೆ ಎಂಬುದನ್ನು ಅದು ಹೇಳಲಾರದು.

ಎಲ್ಲಿದೆ ಎಂಬುದೇ ಇಲ್ಲಿ ಮುಖ್ಯ. ತೊಡೆ, ನಿತಂಬಗಳ ಚರ್ಮದಡಿಯ ಕೊಬ್ಬು ಅಷ್ಟೇನೂ ಕಾಟ ಕೊಡುವುದಿಲ್ಲ. ಯಕೃತ್ತಿನಲ್ಲಿ, ಕರುಳಿನ ಸುತ್ತ ಸೇರಿಕೊಳ್ಳುವ ಕೊಬ್ಬು, ರಕ್ತದ ಸಕ್ಕರೆಯನ್ನು ಹತೋಟಿಯಲ್ಲಿಡುವ ಇನ್ಸುಲಿನ್‌ನ ಕೆಲಸವನ್ನು ಕೆಡಿಸುತ್ತದೆ. ನಮ್ಮವರಲ್ಲಿ ಕೈಕಾಲಿಗಿಂತ ಮುಂಡಭಾಗದಲ್ಲಿ ಕೊಬ್ಬು ಸೇರುವ ಒಲವು ಹುಟ್ಟಿನಿಂದಲೇ ಬರುವಂತಿದೆ. ಮೈಸೂರಿನ ಹೋಲ್ಡ್ಸ್‌ವರ್ತ್ ಸ್ಮಾರಕ ಆಸ್ಪತ್ರೆಯಲ್ಲಿ ಹುಟ್ಟಿದ ಶಿಶುಗಳನ್ನು ಬ್ರಿಟನ್ನಿನ ಶಿಶುಗಳೊಂದಿಗೆ ಹೋಲಿಸಿದಾಗ ಇಲ್ಲಿನವು ತೂಕದಲ್ಲೂ ಉದ್ದದಲ್ಲೂ ಚಿಕ್ಕವು. ಬೆನ್ನಿನ ಮೇಲೆ, ಹೆಗಲ ಮೂಳೆಯ ಕೆಳಗಿನ ಕೊಬ್ಬು ಮಾತ್ರ ಹಾಗೆ ಕಡಿಮೆಯಿರಲಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ತಜ್ಞರು ಏಷ್ಯಾದವರಿಗೆ ಬಿಎಂಐನ ಎಚ್ಚರಿಕೆಯ ಗೆರೆಯನ್ನು 25ರ ಬದಲು 23ಕ್ಕೆ ಎಳೆದದ್ದೂ ಸುಮ್ಮನೆ ಅಲ್ಲ.

ಯಾವ ಗಾತ್ರದ ಮೈಯನ್ನೂ ಗೌರವಿಸಬೇಕು ಎನ್ನುವ ಇಂದಿನ ‘ಬಾಡಿ ಪಾಸಿಟಿವಿಟಿ’ಯ ಬೇರು 1969ರಲ್ಲಿ ಅಮೆರಿಕದಲ್ಲಿ ದಪ್ಪ ಮೈಯವರಿಗಾಗಿ ಹುಟ್ಟಿದ ಸಂಘಟನೆಯಲ್ಲಿದೆ. ತೂಕದ ಕಾರಣಕ್ಕೆ ತಾರತಮ್ಯ ಬೇಡ ಎಂಬುದು ಅವರ ಬೇಡಿಕೆ. ವಿಜ್ಞಾನವೂ ಅದರ ಪರವಾಗಿದೆ: ಹಂಗಿಸಿದರೆ ಒತ್ತಡದ ಹಾರ್ಮೋನಾದ ಕಾರ್ಟಿಸಾಲ್ ಏರುತ್ತದೆ, ನಾಲ್ಕು ಜನರ ಕಣ್ಣಿಗೆ ಬೀಳುವ ಭಯಕ್ಕೆ ವಾಕಿಂಗ್ ನಿಲ್ಲುತ್ತದೆ, ವೈದ್ಯರ ಭೇಟಿ ಮುಂದೆ ಹೋಗುತ್ತದೆ. ಅವಮಾನ ಉಂಡವರು ಸಣ್ಣಗಾಗುವುದಕ್ಕಿಂತ ಇನ್ನಷ್ಟು ದಪ್ಪಗಾಗುವ ಸಂಭವವೇ ಹೆಚ್ಚು. ಹಾಗೆಂದು ಗಾತ್ರ ಎಷ್ಟಾದರೂ ಆರೋಗ್ಯಕ್ಕೆ ಬಾಧೆಯಿಲ್ಲ ಎಂಬ ಮಾತನ್ನು ನಾನು ಒಪ್ಪಲಾರೆ. ಮಂಡಿಯ ಸವೆತಕ್ಕೂ ನಿದ್ದೆಯಲ್ಲಿ ಕಟ್ಟುವ ಉಸಿರಿಗೂ ನಮ್ಮ ಆತ್ಮಾಭಿಮಾನದ ಪರಿಚಯವಿಲ್ಲ.

ಆದರೆ ದೇಹವನ್ನು ನೋಡಿಕೊಳ್ಳಲು ಮೊದಲು ತೂಕ ಇಳಿಯಲೇಬೇಕು ಎಂದೇನಿಲ್ಲ. ಸ್ನಾಯು ಸಂಕುಚಿಸಿದಾಗ ಸಕ್ಕರೆಯನ್ನು ಒಳಗೊಯ್ಯುವ ಪ್ರೋಟೀನುಗಳು ಜೀವಕೋಶದ ಹೊರಪದರಕ್ಕೆ ಬಂದು ನಿಲ್ಲುತ್ತವೆ. ಇದಕ್ಕೆ ಇನ್ಸುಲಿನ್‌ನ ಅಪ್ಪಣೆಯೂ ಬೇಕಿಲ್ಲ. ಆದ್ದರಿಂದಲೇ ಮುದ್ದೆಯೋ ಅನ್ನವೋ ಉಂಡ ಮೇಲೆ ಹತ್ತು ಹದಿನೈದು ನಿಮಿಷ ಅಡ್ಡಾಡಿದರೆ ಏರುತ್ತಿದ್ದ ಸಕ್ಕರೆ ತಗ್ಗುತ್ತದೆ. ತಕ್ಕಡಿಯ ಮುಳ್ಳು ಅಂದು ಅಲುಗಿರುವುದಿಲ್ಲ, ಮುಂದಿನ ತಿಂಗಳೂ ಅಲುಗದಿರಬಹುದು. ಅದನ್ನು ನೋಡಿ ನಡಿಗೆಯನ್ನೇ ಬಿಟ್ಟುಬಿಡುವವರು ಬಹಳ.

30 ವರ್ಷ ದಾಟಿದವರ ಮನೆಗೆ ಬಂದು ಆಶಾ ಕಾರ್ಯಕರ್ತೆಯರು ತುಂಬುವ ಪಟ್ಟಿ ಈ ವಿಷಯದಲ್ಲಿ ಮದುವೆ ಮನೆಯ ಹಿರಿಯರಿಗಿಂತ ಜಾಣತನದ್ದು. ವಯಸ್ಸು, ತಂಬಾಕು, ಮದ್ಯ, ಮನೆತನದ ಕಾಯಿಲೆ, ವಾರಕ್ಕೆ 150 ನಿಮಿಷದ ದೈಹಿಕ ಚಟುವಟಿಕೆ ಇದೆಯೇ, ಸೊಂಟದ ಸುತ್ತಳತೆ ಎಷ್ಟು ಎಂದು ಅದು ಕೇಳಿ ಅಂಕ ಕೊಡುತ್ತದೆ. ಹೆಂಗಸರಿಗೆ 80, ಗಂಡಸರಿಗೆ 90 ಸೆಂಟಿಮೀಟರ್ ಮೀರಿದರೆ ಅಂಕ ಏರುತ್ತದೆ. ಒಟ್ಟು ನಾಲ್ಕನ್ನು ದಾಟಿದವರಿಗೆ ತಪಾಸಣೆಯಲ್ಲಿ ಆದ್ಯತೆ. ತೂಕಕ್ಕೆ ಅಲ್ಲಿ ಅಂಕವಿಲ್ಲ.