ಒಂದೇ ‘ಇಂದ’, ಮೂರು ಇಂಗ್ಲಿಷ್ ಪದ: ಸಿನ್ಸ್, ಫಾರ್, ಫ್ರಮ್

ಒಮ್ಮೆ ನಮ್ಮ ಮನೆಯ ಇಂಟರ್‌ನೆಟ್ ಕೈಕೊಟ್ಟಿತ್ತು. ಎರಡು ದಿನ ಕಾದು, ಬುಧವಾರ ಕಂಪನಿಗೆ ಮೇಲ್ ಹಾಕಿದೆ: ‘ನೋ ಇಂಟರ್‌ನೆಟ್ ಫ್ರಮ್ ಮಂಡೇ’. ನನ್ನ ತಲೆಯಲ್ಲಿದ್ದದ್ದು ‘ಸೋಮವಾರದಿಂದ ನೆಟ್ ಇಲ್ಲ’ ಅಂತ. ಬಂದ ಉತ್ತರ ನೋಡಿದರೆ, ಬರುವ ಸೋಮವಾರದಿಂದ ಕನೆಕ್ಷನ್ ಬೇಡವಾದರೆ ಈ ಫಾರ್ಮ್ ತುಂಬಿ ಕಳಿಸಿ ಅಂತಿತ್ತು! ಸಿಟ್ಟು ಬಂತು. ಆಮೇಲೆ ನಾನು ಬರೆದದ್ದನ್ನೇ ಇನ್ನೊಮ್ಮೆ ಓದಿದೆ. ಅವರು ಹಾಗೆ ಅರ್ಥ ಮಾಡಿಕೊಂಡದ್ದರಲ್ಲಿ ತಪ್ಪೇನೂ ಇರಲಿಲ್ಲ.

ನನ್ನನ್ನು ಸಿಕ್ಕಿಹಾಕಿಸಿದ್ದು ನಮ್ಮ ‘ಇಂದ’.

ಇಂಗ್ಲಿಷಿನ ಪ್ರಿಪೊಸಿಷನ್ ಹೆಸರುಪದಕ್ಕಿಂತ ಮೊದಲು ಬಂದು ಕೂರುವ ಪುಟ್ಟ ಪದ. ಕನ್ನಡದಲ್ಲಿ ಆ ಕೆಲಸವನ್ನು ಹೆಚ್ಚಾಗಿ ಪದದ ಬಾಲ ಮಾಡುತ್ತದೆ. ಶಾಲೆಯಲ್ಲಿ ರಾಗವಾಗಿ ಒಪ್ಪಿಸಿದ್ದು ನೆನಪಿದೆಯಲ್ವಾ? ಉ, ಅನ್ನು, ಇಂದ, ಗೆ, ದೆಸೆಯಿಂದ, ಅ, ಅಲ್ಲಿ. ಇದರಲ್ಲಿ ‘ದೆಸೆಯಿಂದ’ ಸುಮ್ನೆ ಪುಸ್ತಕದಲ್ಲಿದೆ. ‘ಮರದ ದೆಸೆಯಿಂದ ಹಣ್ಣು ಬಿತ್ತು’ ಅಂತ ನಾನಂತೂ ಯಾರ ಬಾಯಲ್ಲೂ ಕೇಳಿಲ್ಲ. ಮರದಿಂದ ಬಿದ್ದರೂ ಇಂದ, ಚಾಕುವಿನಿಂದ ಹೆಚ್ಚಿದರೂ ಇಂದ, ಮಳೆಯಿಂದ ಬೆಳೆ ಹಾಳಾದರೂ ಇಂದ. ಕಾಲದ ಲೆಕ್ಕಕ್ಕೂ ಅದನ್ನೇ ದುಡಿಸುತ್ತೇವೆ. ಭಾನುವಾರದಿಂದ ಜ್ವರ, ಮೂರು ದಿನದಿಂದ ಜ್ವರ, ನಾಳೆಯಿಂದ ರಜೆ.

ಇಂಗ್ಲಿಷಿನವರಿಗೆ ಇವು ಮೂರೂ ಬೇರೆ ಬೇರೆ. ಭಾನುವಾರ ಅನ್ನುವುದು ಶುರುವಾದ ಗುರುತು, ಅದಕ್ಕೆ ‘ಸಿನ್ಸ್ ಸಂಡೇ’. ಮೂರು ದಿನ ಅನ್ನುವುದು ಅಳತೆ, ಅದಕ್ಕೆ ‘ಫಾರ್ ತ್ರೀ ಡೇಸ್’. ನಾಳೆ ಇನ್ನೂ ಬಂದಿಲ್ಲ, ಅದಕ್ಕೆ ‘ಫ್ರಮ್ ಟುಮಾರೋ’. ರಜಾ ಅರ್ಜಿಗಳಲ್ಲಿ ಕಾಣುವ ‘ಸಿನ್ಸ್ ತ್ರೀ ಡೇಸ್’ ಹುಟ್ಟಿದ್ದು ಇಲ್ಲೇ: ಅಳತೆ ಇರಬೇಕಾದ ಕಡೆ ಗುರುತಿನ ಪದ ಬಂದು ಕೂತಿದೆ.

ಹಾಗಂತ ನಾಚಿಕೊಳ್ಳಬೇಕಾಗಿಲ್ಲ. ಹಿಂದಿಯ ‘ಸೇ’, ಫ್ರೆಂಚಿನ ‘ದೆಪ್ಯುಯಿ’, ಜರ್ಮನ್ನಿನ ‘ಜೈಟ್’ ಕೂಡ ಗುರುತು, ಅಳತೆ ಎರಡಕ್ಕೂ ಒಂದೇ. ಹೀಗಾಗಿ ಜರ್ಮನ್ನರೂ ಇಂಗ್ಲಿಷ್ ಕಲಿಯುವಾಗ ನಮ್ಮ ಹಾಗೇ ‘ಸಿನ್ಸ್ ಟೂ ಇಯರ್ಸ್’ ಅನ್ನುತ್ತಾರೆ.

‘ಸಿನ್ಸ್’ ಯಾಕಿಷ್ಟು ಹಟಮಾರಿ? ಹಳೆಯ ಇಂಗ್ಲಿಷಿನಲ್ಲಿ ಅದು ‘ಸಿಥ್ಥನ್’ ಅಂತಿತ್ತು. ಅರ್ಥ ‘ಅದಾದ ಮೇಲೆ’. ಸವೆದು ಸವೆದು ಸಿನ್ಸ್ ಆಯ್ತು. ಈಗ ಇಟ್ಟು ನೋಡಿ. ‘ಭಾನುವಾರ ಆದ ಮೇಲೆ’ ಸರಿ. ‘ಮದುವೆ ಆದ ಮೇಲೆ’ ಸರಿ. ‘ಮೂರು ದಿನ ಆದ ಮೇಲೆ ಜ್ವರ’ ಅಂದರೆ ಮಾತೇ ಬೇರೆಯಾಯ್ತು. ಇನ್ನೊಂದು ತಮಾಷೆ: ಈ ಸಿನ್ಸ್ ‘ಯಾಕೆಂದರೆ’ ಅನ್ನುವ ಅರ್ಥಕ್ಕೂ ಜಾರಿದೆ. ಮಳೆ ಬಂದದ್ದರಿಂದ ಆಟ ನಿಂತಿತು ಅನ್ನುವಲ್ಲಿ ನಮ್ಮ ‘ಇಂದ’ವೂ ಅದೇ ಕೆಲಸ ಮಾಡುತ್ತಿದೆ, ನೋಡಿ.

ಬಾಲ ಒಂದೇ ಆದರೂ ಕನ್ನಡ ಪ್ರಶ್ನೆಯಲ್ಲಿ ವ್ಯತ್ಯಾಸ ಇಟ್ಟುಕೊಂಡಿದೆ. ಡಾಕ್ಟರ ಹತ್ತಿರ ಹೋದಾಗ ಎರಡು ರೀತಿ ಕೇಳುತ್ತಾರೆ. ‘ಎಷ್ಟು ದಿನದಿಂದಮ್ಮ ಕೆಮ್ಮು?’ ಅಂದರೆ ಉತ್ತರ ‘ನಾಲ್ಕು ದಿನದಿಂದ ಸಾರ್’. ಅದು ಫಾರ್. ‘ಯಾವತ್ತಿಂದ?’ ಅಂದರೆ ‘ಗುರುವಾರದಿಂದ’. ಅದು ಸಿನ್ಸ್. ಅನುಮಾನ ಬಂದಾಗ ನಾನು ಈ ಪ್ರಶ್ನೆಯನ್ನೇ ಮನಸ್ಸಿನಲ್ಲಿ ಕೇಳಿಕೊಳ್ಳುತ್ತೇನೆ. ‘ಬಹಳ ದಿನದಿಂದ’ ಅನ್ನುವುದು ‘ಎಷ್ಟು’ಗೆ ಉತ್ತರ, ಹಾಗಾಗಿ ‘ಫಾರ್ ಎ ಲಾಂಗ್ ಟೈಮ್’. ‘ಚಿಕ್ಕಂದಿನಿಂದ’ ಅನ್ನುವುದು ‘ಯಾವಾಗಿನಿಂದ’ಕ್ಕೆ ಉತ್ತರ, ಹಾಗಾಗಿ ‘ಸಿನ್ಸ್ ಚೈಲ್ಡ್‌ಹುಡ್’.

ಇನ್ನು ಸೋಮವಾರದ ವಿಷಯ. ‘ಸೋಮವಾರದಿಂದ ರಜೆ’ ಅಂತ ಶುಕ್ರವಾರವೂ ಹೇಳಬಹುದು, ಮುಂದಿನ ಬುಧವಾರ ಮನೆಯಲ್ಲಿ ಕೂತೂ ಹೇಳಬಹುದು. ಎದುರಿಗಿರುವವರಿಗೆ ತಾನಾಗೇ ಅರ್ಥವಾಗುತ್ತದೆ. ಇಂಗ್ಲಿಷಿನಲ್ಲಿ ಸಿನ್ಸ್ ಹಿಂದಿನಿಂದ ಇವತ್ತಿನವರೆಗೆ ಎಳೆದ ಗೆರೆ. ಸುಮ್ನೆ ‘ಫ್ರಮ್ ಮಂಡೇ’ ಅಂದರೆ ಸಾಮಾನ್ಯವಾಗಿ ಮುಂದೆ ಬರುವ ಸೋಮವಾರ ಅಂತಲೇ ಕೇಳಿಸುತ್ತದೆ. ನಾನು ಜಾರಿದ್ದು ಅಲ್ಲೇ.

ಪದ ಸರಿಯಾದರೂ ಕ್ರಿಯಾಪದ ಕೈಕೊಡುವುದುಂಟು. ‘ಎರಡು ತಿಂಗಳಿಂದ ಇಲ್ಲೇ ಇದ್ದೇನೆ’ ಅನ್ನುವಾಗ ನಮ್ಮದು ವರ್ತಮಾನ ಕಾಲ. ಅದನ್ನೇ ಎತ್ತಿಕೊಂಡು ‘ಐ ಆ್ಯಮ್ ಹಿಯರ್ ಫಾರ್ ಟೂ ಮಂತ್ಸ್’ ಅಂದರೆ, ಒಟ್ಟು ಎರಡು ತಿಂಗಳಿಗೆ ಬಂದಿದ್ದೇನೆ ಅಂತ ಅರ್ಥ. ಬೇಕಾದದ್ದು ‘ಐ ಹ್ಯಾವ್ ಬೀನ್ ಹಿಯರ್ ಫಾರ್ ಟೂ ಮಂತ್ಸ್’. ಅಮೆರಿಕದ ಮಗಳ ಮನೆಗೆ 6 ತಿಂಗಳಿಗೆಂದು ಹೋದ ಅಪ್ಪ, ಎರಡು ತಿಂಗಳು ಕಳೆದ ಮೇಲೆ ಪಾರ್ಕಿನಲ್ಲಿ ಸಿಕ್ಕ ಪಕ್ಕದ ಮನೆಯವರಿಗೆ ಮೊದಲನೆಯದನ್ನು ಹೇಳಿದರು ಅಂತಿಟ್ಟುಕೊಳ್ಳಿ. ಮೂರು ತಿಂಗಳಾದ ಮೇಲೆ ಅದೇ ಬೆಂಚಿನ ಮೇಲೆ ಅವರನ್ನು ಕಂಡಾಗ, ಪಕ್ಕದ ಮನೆಯವರು ಹುಬ್ಬೇರಿಸದೆ ಇರುತ್ತಾರಾ?