ಏಷ್ಯಾದ ಎರಡನೇ ದರ್ಜೆಯ ಕ್ಲಬ್ ಫುಟ್‌ಬಾಲ್: ಅಂಕಪಟ್ಟಿಗೂ ಮೊದಲು ನಕ್ಷೆ ನೋಡಿ

ಮಡಗಾಂವ್, ವಾಸ್ಕೋ ಕಡೆ ನನ್ನ ಜೊತೆ ಕ್ರೀಡಾ ವರದಿಗಾರಿಕೆ ಕಲಿಯುತ್ತಿರುವ ಕನ್ನಡದ ಗೆಳೆಯರಿಗಾಗಿ ಈ ಟಿಪ್ಪಣಿ. ಎಎಫ್‌ಸಿ ಚಾಂಪಿಯನ್ಸ್ ಲೀಗ್ ಟೂ ಬಗ್ಗೆ ಎಲ್ಲರಿಗೂ ಒಂದೇ ಗೊಂದಲ. ಮೊದಲು ಎಎಫ್‌ಸಿ ಕಪ್ ಅಂತಿತ್ತು, ಈಗ ಬೇರೆ ಹೆಸರು. 2016ರಲ್ಲಿ ಬೆಂಗಳೂರು ತಂಡ ಫೈನಲ್ ಆಡಿತ್ತು, ಈಗ ನಮ್ಮ ತಂಡಗಳು ಗುಂಪು ಹಂತದಲ್ಲೇ ಸೋಲುತ್ತವೆ. ಹಾಗಾದರೆ ಭಾರತದ ಫುಟ್‌ಬಾಲ್ ಹಿಂದೆ ಹೋಯಿತಾ? ಇದಕ್ಕೆ ಉತ್ತರ ಕೊಡುವ ಮೊದಲು ಆಯಾ ವರ್ಷ ಏಷ್ಯಾವನ್ನು ಹೇಗೆ ಭಾಗ ಮಾಡಿದ್ದರು, ನಮ್ಮನ್ನು ಯಾವ ಭಾಗಕ್ಕೆ ಹಾಕಿದ್ದರು ಅಂತ ನೋಡಲೇಬೇಕು. ಅದನ್ನು ಬಿಟ್ಟು ಬರೆದ ವರದಿ ಅರ್ಧ ವರದಿ.

ಮೊದಲು ಅಡಿಪಾಯ. ಏಷ್ಯಾದ ಫುಟ್‌ಬಾಲ್ ಒಕ್ಕೂಟ, ಅಂದರೆ ಎಎಫ್‌ಸಿ, 2000ದ ದಶಕದ ಆರಂಭದಲ್ಲಿ ದೇಶಗಳನ್ನು ಮೂರು ಗುಂಪು ಮಾಡಿತು. ಬೆಳೆದ ದೇಶಗಳ ಕ್ಲಬ್‌ಗಳಿಗೆ ಚಾಂಪಿಯನ್ಸ್ ಲೀಗ್. ಬೆಳೆಯುತ್ತಿರುವವರಿಗೆ ಎಎಫ್‌ಸಿ ಕಪ್. ಈಗಷ್ಟೇ ಕಣ್ಣು ಬಿಡುತ್ತಿರುವವರಿಗೆ ಪ್ರೆಸಿಡೆಂಟ್ಸ್ ಕಪ್. ಎಎಫ್‌ಸಿ ಕಪ್ ಶುರುವಾಗಿದ್ದು 2004ರಲ್ಲಿ. ಮೊದಲ ಸಲ ಗೆದ್ದದ್ದು ಸಿರಿಯಾದ ಅಲ್ ಜೈಶ್. ಭಾರತ ಇದ್ದದ್ದು ಈ ನಡುವಿನ ಮೆಟ್ಟಿಲಲ್ಲಿ. ಪ್ರೆಸಿಡೆಂಟ್ಸ್ ಕಪ್ 2014ಕ್ಕೆ ನಿಂತುಹೋಯಿತು.

2024-25ರಲ್ಲಿ ಎಲ್ಲವನ್ನೂ ಮತ್ತೆ ಕಟ್ಟಿದರು. ಮೇಲೆ ಚಾಂಪಿಯನ್ಸ್ ಲೀಗ್ ಎಲೈಟ್, 24 ತಂಡ. ಅದರ ಕೆಳಗೆ ಚಾಂಪಿಯನ್ಸ್ ಲೀಗ್ ಟೂ, 32 ತಂಡ. ಕೆಳಗಡೆ ಚಾಲೆಂಜ್ ಲೀಗ್. ನಮ್ಮ ವಿಷಯ ಮಧ್ಯದ್ದು. ನಾಲ್ಕು ತಂಡಗಳ ಎಂಟು ಗುಂಪು: ಪಶ್ಚಿಮದಲ್ಲಿ ಎ ಇಂದ ಡಿ, ಪೂರ್ವದಲ್ಲಿ ಇ ಇಂದ ಎಚ್. ಗುಂಪಿನ ಉಳಿದ ಮೂರು ತಂಡಗಳ ವಿರುದ್ಧ ತವರಿನಲ್ಲಿ ಒಂದು, ಅವರ ಊರಿನಲ್ಲಿ ಒಂದು, ಹೀಗೆ ಆರು ಪಂದ್ಯ. ಪ್ರತಿ ಗುಂಪಿನಿಂದ ಮೊದಲ ಇಬ್ಬರು ಮುಂದಕ್ಕೆ. ಆಮೇಲೆ ನಾಕೌಟ್. ಹೊಸ ಹೆಸರಿನ ಮೊದಲ ಕಪ್ ಎತ್ತಿದ್ದು ಯುಎಇಯ ಶಾರ್ಜಾ. 2025ರ ಮೇ ತಿಂಗಳಲ್ಲಿ ಸಿಂಗಾಪುರದಲ್ಲಿ ನಡೆದ ಫೈನಲ್‌ನಲ್ಲಿ ಅಲ್ಲಿನದೇ ಲಯನ್ ಸಿಟಿ ಸೈಲರ್ಸ್ ತಂಡವನ್ನು 2-1ರಿಂದ ಸೋಲಿಸಿದರು.

2024-25, 2025-26ರಲ್ಲಿ ಭಾರತದಿಂದ ಒಳಗೆ ಹೋಗಲು ಎರಡು ಬಾಗಿಲು ಇದ್ದವು. ದೇಶದ ಮೇಲಿನ ದರ್ಜೆಯ ಲೀಗ್ ಆದ ಇಂಡಿಯನ್ ಸೂಪರ್ ಲೀಗ್, ಅಂದರೆ ಐಎಸ್‌ಎಲ್‌ನ ಲೀಗ್ ಹಂತದಲ್ಲಿ ಮೊದಲ ಸ್ಥಾನ ಪಡೆದು ಶೀಲ್ಡ್ ಗೆದ್ದವರು ನೇರವಾಗಿ ಗುಂಪು ಹಂತಕ್ಕೆ ಹೋಗುತ್ತಿದ್ದರು. ದೇಶದೊಳಗಿನ ಇನ್ನೊಂದು ಟೂರ್ನಿಯಾದ ಸೂಪರ್ ಕಪ್ ಗೆದ್ದವರು ಮೊದಲು ಒಂದು ಅರ್ಹತಾ ಪಂದ್ಯ ಆಡಬೇಕಿತ್ತು. ಒಂದೇ ಪಂದ್ಯ. ಗೆದ್ದರೆ ಟೂ, ಸೋತರೆ ಚಾಲೆಂಜ್ ಲೀಗ್. ಇದರ ತೂಕ ಎಷ್ಟು ಅಂತ ಸತತ ಎರಡು ವರ್ಷ ನೋಡಿದೆವು. 2024ರ ಆಗಸ್ಟ್‌ನಲ್ಲಿ ಈಸ್ಟ್ ಬೆಂಗಾಲ್ ತನ್ನದೇ ಊರಾದ ಕೋಲ್ಕತ್ತದ ಸಾಲ್ಟ್ ಲೇಕ್ ಅಂಗಳದಲ್ಲಿ ತುರ್ಕ್‌ಮೆನಿಸ್ತಾನದ ಅಲ್ಟಿನ್ ಅಸಿರ್‌ಗೆ 2-3ರಿಂದ ಸೋತಿತು. ಕೆಳಗಿನ ಚಾಲೆಂಜ್ ಲೀಗ್‌ಗೆ ಇಳಿದು, ಭೂತಾನ್‌ನಲ್ಲಿ ಗುಂಪಿನ ಪಂದ್ಯಗಳನ್ನು ಆಡಿ ಮೊದಲ ಸ್ಥಾನ ಪಡೆಯಿತು. ಮರುವರ್ಷ ಸೂಪರ್ ಕಪ್ ಗೆದ್ದ ಎಫ್‌ಸಿ ಗೋವಾಗೆ ಎದುರಾಗಿದ್ದು ಒಮಾನ್‌ನ ಅಲ್ ಸೀಬ್. 2022ರ ಎಎಫ್‌ಸಿ ಕಪ್ ಗೆದ್ದ ತಂಡ ಅದು, ಸುಮ್ನೆ ಬಂದು ಹೋಗುವವರಲ್ಲ. 2025ರ ಆಗಸ್ಟ್ 13ರಂದು ಮಡಗಾಂವ್‌ನ ನಮ್ಮ ಫಟೋರ್ಡಾ ಅಂಗಳದಲ್ಲಿ ಗೋವಾ 2-1ರಿಂದ ಗೆದ್ದಿತು. ಡ್ರಾಜಿಚ್ ಒಂದು ಗೋಲು, ಸಿವೇರಿಯೊ ಒಂದು. ನನ್ನ ಲೆಕ್ಕದಲ್ಲಿ ಈಚಿನ ವರ್ಷಗಳಲ್ಲಿ ಭಾರತದ ಕ್ಲಬ್ ಒಂದು ಏಷ್ಯಾ ಮಟ್ಟದಲ್ಲಿ ಗೆದ್ದ ಅತಿ ಮುಖ್ಯ ಪಂದ್ಯಗಳಲ್ಲಿ ಇದೂ ಒಂದು. ಆಮೇಲಿನ ಸೋಲುಗಳ ಗದ್ದಲದಲ್ಲಿ ಇದನ್ನು ಯಾರೂ ನೆನೆಸುವುದಿಲ್ಲ.

ಈಗ ನಕ್ಷೆಗೆ ಬರೋಣ. ಸ್ವಲ್ಪ ನಿಧಾನವಾಗಿ ಓದಿ.

ಶುರುವಿನ ವರ್ಷಗಳಲ್ಲಿ ತಂಡಗಳು ಕಡಿಮೆ ಇದ್ದವು. ನಾಕೌಟ್‌ನಲ್ಲಿ ಅರಬ್ ದೇಶಗಳ ಕ್ಲಬ್‌ಗಳು ಎದುರಾಗುತ್ತಿದ್ದವು. 2008ರಲ್ಲಿ ಗೋವಾದ ಡೆಂಪೊ, ಆರ್ಮಾಂಡೊ ಕೊಲಾಸೊ ಅವರ ತರಬೇತಿಯಲ್ಲಿ, ಸೆಮಿಫೈನಲ್‌ವರೆಗೆ ಹೋಯಿತು. ಅಲ್ಲಿ ತಡೆದದ್ದು ಲೆಬನಾನ್‌ನ ಸಫಾ. ಅದೇ ಸಫಾವನ್ನು ಫೈನಲ್‌ನ ಎರಡು ಪಂದ್ಯಗಳಲ್ಲಿ ಬಹ್ರೇನ್‌ನ ಮುಹರ್ರಕ್ ಒಟ್ಟು 10-5ರಿಂದ ಹೊಡೆದು ಹಾಕಿತು. ಮೇಲಿನ ಮಟ್ಟ ಎಷ್ಟಿತ್ತು ಅನ್ನುವುದಕ್ಕೆ ಈ ಅಂಕಿ ಸಾಕು. ಆ ಕಾಲದ ಡೆಂಪೊ ಬಗ್ಗೆ ಗೋವಾದ ಹಿರಿಯರು ಮಾತಾಡುವಾಗ ಇರುವ ಹೆಮ್ಮೆ ಸುಳ್ಳಲ್ಲ. ಅವರ ಹತ್ತಿರ ಕೂತು ಕೇಳಿ, ಬರೆದಿಟ್ಟುಕೊಳ್ಳಿ.

2013ರಲ್ಲಿ ಈಸ್ಟ್ ಬೆಂಗಾಲ್ ಸೆಮಿಫೈನಲ್ ತಲುಪಿತು. ಗುಂಪಿನಲ್ಲಿ ಮಲೇಷ್ಯಾದ ಸೆಲಂಗೋರ್, ಸಿಂಗಾಪುರದ ಟ್ಯಾಂಪಿನ್ಸ್ ಥರದ ಆಗ್ನೇಯ ಏಷ್ಯಾದ ತಂಡಗಳಿದ್ದವು. ಸೆಮಿಫೈನಲ್‌ನಲ್ಲಿ ಸಿಕ್ಕಿದ್ದು ಕುವೈತ್ ಎಸ್‌ಸಿ. ಎರಡೂ ಪಂದ್ಯ ಸೋತರು. ಆ ವರ್ಷ ಫೈನಲ್ ಆಡಿದ ಎರಡೂ ತಂಡ ಕುವೈತ್ ದೇಶದವು.

ಇನ್ನು 2016. ಬೆಂಗಳೂರು ಎಫ್‌ಸಿಯ ಆ ವರ್ಷವನ್ನು ಕನ್ನಡಿಗರಾದ ನಾವು ಎಷ್ಟು ಸಲ ಹೇಳಿದರೂ ಸಾಲದು. ಆದರೆ ಎದುರಾಳಿಗಳನ್ನು ಸಾಲಾಗಿ ಬರೆದು ನೋಡಿ. ಗುಂಪಿನಲ್ಲಿ ಮಲೇಷ್ಯಾದ ಜೊಹೊರ್ ದಾರುಲ್ ತಾಜಿಮ್, ಮ್ಯಾನ್ಮಾರ್‌ನ ಅಯೆಯಾರ್ವಡಿ, ಲಾವೋಸ್‌ನ ಲಾವೋ ಟೊಯೊಟಾ. ನಾಕೌಟ್‌ನಲ್ಲಿ ಹಾಂಗ್‌ಕಾಂಗ್‌ನ ಕಿಟ್ಚೀ, ಸಿಂಗಾಪುರದ ಟ್ಯಾಂಪಿನ್ಸ್, ಮತ್ತೆ ಜೊಹೊರ್. ಎಲ್ಲವೂ ಪೂರ್ವದ ತಂಡಗಳೇ. ಪಶ್ಚಿಮದ ತಂಡ ಮೊದಲ ಸಲ ಎದುರಾಗಿದ್ದು ಫೈನಲ್‌ನಲ್ಲಿ!

ಹಾಗಂತ ಆ ಸಾಧನೆ ಸಣ್ಣದಾಗುವುದಿಲ್ಲ. ಜೊಹೊರ್ ಆಗ ಹಿಂದಿನ ವರ್ಷದ ಚಾಂಪಿಯನ್. ಸೆಮಿಫೈನಲ್‌ನ ಮೊದಲ ಪಂದ್ಯ ಅವರ ಊರಿನಲ್ಲಿ 1-1. ಎರಡನೆಯದು ಅಕ್ಟೋಬರ್ 19ರಂದು ಕಂಠೀರವದಲ್ಲಿ. ಮೊದಲ ಗೋಲು ಜೊಹೊರ್‌ದೇ. ಆಮೇಲೆ ಸುನಿಲ್ ಚೆಟ್ರಿ ಎರಡು ಗೋಲು, ಹುವಾನನ್ ಒಂದು. 3-1. ಭಾರತದ ಕ್ಲಬ್ ಒಂದು ಈ ಕಪ್‌ನ ಫೈನಲ್ ತಲುಪಿದ್ದು ಅದೇ ಮೊದಲು. ನವೆಂಬರ್ 5ರಂದು ದೋಹಾದಲ್ಲಿ ಇರಾಕ್‌ನ ಅಲ್ ಕುವಾ ಅಲ್ ಜಾವಿಯಾ, ಅಂದರೆ ಅಲ್ಲಿನ ವಾಯುಪಡೆಯ ಕ್ಲಬ್, 1-0ರಿಂದ ಗೆದ್ದಿತು. ಗೋಲು ಹಮ್ಮಾದಿ ಅಹ್ಮದ್ ಅವರದು. ಆ ಸಲ 16 ಗೋಲು ಹೊಡೆದು ಮೊದಲ ಸ್ಥಾನದಲ್ಲಿದ್ದವರು ಅವರೇ. ಆ ಇರಾಕಿ ಕ್ಲಬ್ 2017, 2018ರಲ್ಲೂ ಕಪ್ ಗೆದ್ದಿತು, ಸತತ ಮೂರು. ಅಂಥ ತಂಡದ ಎದುರು ಒಂದೇ ಗೋಲಿನ ಸೋಲು.

2017ರಿಂದ ನಕ್ಷೆ ಮತ್ತೆ ಬದಲಾಯಿತು. ಐದು ವಲಯ ಮಾಡಿದರು. ದಕ್ಷಿಣ ವಲಯದಲ್ಲಿ ಭಾರತದ ಕ್ಲಬ್‌ಗಳಿಗೆ ಬಾಂಗ್ಲಾದೇಶ, ಮಾಲ್ಡೀವ್ಸ್‌ನಂಥ ನೆರೆಯ ದೇಶಗಳ ಕ್ಲಬ್‌ಗಳೇ ಎದುರಾಳಿ. ವಲಯ ಗೆದ್ದವರು ಹೊರಗಿನ ವಲಯದ ವಿಜೇತರ ಜೊತೆ ಅಂತರ ವಲಯ ನಾಕೌಟ್ ಆಡಬೇಕು. ನಮ್ಮವರು ಮತ್ತೆ ಮತ್ತೆ ಎಡವಿದ್ದು ಅಲ್ಲೇ. 2017ರಲ್ಲಿ ಬೆಂಗಳೂರು, ಉತ್ತರ ಕೊರಿಯಾದ ತಂಡವನ್ನು ದಾಟಿ, ತಜಿಕಿಸ್ತಾನದ ಇಸ್ತಿಕ್ಲೋಲ್‌ಗೆ ಒಟ್ಟು 2-3ರಿಂದ ಸೋತಿತು. 2018ರಲ್ಲಿ ಬೆಂಗಳೂರಿಗೇ ಅಲ್ಟಿನ್ ಅಸಿರ್ ಎದುರು ಸೋಲು. 2021ರಲ್ಲಿ ಎಟಿಕೆ ಮೋಹನ್ ಬಾಗಾನ್, ಉಜ್ಬೇಕಿಸ್ತಾನದ ನಸಾಫ್ ವಿರುದ್ಧ 0-6. ಒಡಿಶಾ ಎಫ್‌ಸಿ 2023-24ರಲ್ಲಿ ಆಸ್ಟ್ರೇಲಿಯಾದ ಸೆಂಟ್ರಲ್ ಕೋಸ್ಟ್ ಮರೀನರ್ಸ್‌ಗೆ ಅಲ್ಲಿ 0-4ರಿಂದ ಸೋತು, ಇಲ್ಲಿ 0-0 ಡ್ರಾ ಮಾಡಿತು. ಮರೀನರ್ಸ್ ಆ ವರ್ಷ ಕಪ್ ಗೆದ್ದಿತು. ನೆರೆಯವರ ಜೊತೆ ಆಡಿ ಗೆದ್ದ ತಂಡ ಮಧ್ಯ ಏಷ್ಯಾದ ವೇಗ, ಮೈಕಟ್ಟು ಎದುರಾದಾಗ ತಬ್ಬಿಬ್ಬಾಗುತ್ತಿತ್ತು. ಗುಂಪು ಹಂತ ಅದಕ್ಕೆ ತಯಾರಿಯೇ ಆಗಿರಲಿಲ್ಲ.

2024-25ರಿಂದ ಆ ವಲಯವೂ ಇಲ್ಲ. ನಾವು ಪಶ್ಚಿಮದಲ್ಲಿದ್ದೇವೆ. ಮೊದಲ ಪಂದ್ಯದಿಂದಲೇ ಇರಾನ್, ಇರಾಕ್, ಸೌದಿ, ಕತಾರ್, ತಜಿಕಿಸ್ತಾನ. ಮೊದಲು ನಾಕೌಟ್‌ನಲ್ಲಿ ಸಿಗುತ್ತಿದ್ದ ತಂಡಗಳು ಈಗ ಸೆಪ್ಟೆಂಬರ್‌ನಲ್ಲೇ ಸಿಗುತ್ತವೆ. 2016ರ ಫೈನಲ್ ಇಟ್ಟುಕೊಂಡು 2025ರ ಗುಂಪು ಹಂತವನ್ನು ಅಳೆಯುವುದು ಘಟ್ಟ ಹತ್ತಿದವನನ್ನೂ ಬಯಲಲ್ಲಿ ನಡೆದವನನ್ನೂ ಮೈಲಿ ಲೆಕ್ಕದಲ್ಲಿ ಹೋಲಿಸಿದ ಹಾಗೆ.

ಗೋವಾದ ಗುಂಪನ್ನೇ ತೆಗೆದುಕೊಳ್ಳಿ. 2025-26ರ ಡಿ ಗುಂಪಿನಲ್ಲಿ ಸೌದಿಯ ಅಲ್ ನಸ್ರ್, ಇರಾಕ್‌ನ ಅಲ್ ಜವ್ರಾ, ಮತ್ತೆ ಅದೇ ಇಸ್ತಿಕ್ಲೋಲ್. ರೊನಾಲ್ಡೊ ಇರುವ ತಂಡ ಎರಡನೇ ದರ್ಜೆಯಲ್ಲಿ ಏನು ಮಾಡುತ್ತಿದೆ ಅಂತ ಹಲವರು ಕೇಳಿದಿರಿ. ಉತ್ತರ ಸರಳ. ಅಲ್ ನಸ್ರ್ 2024-25ರ ಸೌದಿ ಲೀಗ್‌ನಲ್ಲಿ ಮೂರನೇ ಸ್ಥಾನ ಪಡೆಯಿತು. ಎಲೈಟ್‌ನ ಸೌದಿ ಸ್ಥಾನಗಳು ಲೀಗ್ ಗೆದ್ದ ಅಲ್ ಇತ್ತಿಹಾದ್, ಎರಡನೆಯದಾದ ಅಲ್ ಹಿಲಾಲ್, ಎಲೈಟ್ ಕಪ್ ಗೆದ್ದ ಅಲ್ ಅಹ್ಲಿಗೆ ಹೋದವು. ಉಳಿದದ್ದು ಟೂ. ಬಲವಾದ ದೇಶದಿಂದ ಎಲೈಟ್ ತಪ್ಪಿಸಿಕೊಂಡ ತಂಡ ಇಲ್ಲಿಗೆ ಇಳಿದು ಬರುತ್ತದೆ, ನಮ್ಮ ದೇಶದಿಂದ ಎಲ್ಲರಿಗಿಂತ ಮೇಲಿದ್ದ ತಂಡ ಇಲ್ಲಿಗೆ ಹತ್ತಿ ಬರುತ್ತದೆ. ಇಬ್ಬರೂ ಸೇರುವ ಜಾಗ ಇದು.

ಅಕ್ಟೋಬರ್ 22ರಂದು ಫಟೋರ್ಡಾಕ್ಕೆ ಅಲ್ ನಸ್ರ್ ಬಂತು. ರೊನಾಲ್ಡೊ ಬರಲಿಲ್ಲ. ಇಲ್ಲಿನ ಎಷ್ಟೋ ಮಂದಿಗೆ ಪಂದ್ಯ ಅಲ್ಲಿಗೇ ಮುಗಿಯಿತು, ನನಗೆ ಅದು ಬೇಸರದ ಸಂಗತಿ. ಮೊದಲರ್ಧದಲ್ಲೇ 0-2 ಹಿಂದಿದ್ದ ಗೋವಾ ಪರ ಬ್ರೈಸನ್ ಫರ್ನಾಂಡಿಸ್ ಒಂದು ಗೋಲು ಹೊಡೆದರು. ಗೋವಾದ ಹುಡುಗ, ಗೋವಾದ ಅಂಗಳ. ಪಂದ್ಯ 1-2ಕ್ಕೆ ಮುಗಿಯಿತು. ನಮ್ಮ ವರದಿ ಯಾರು ಬರಲಿಲ್ಲ ಅನ್ನುವುದರಿಂದ ಅಲ್ಲ, ಆ ಗೋಲಿನಿಂದ ಶುರುವಾಗಬೇಕಿತ್ತು.

ವಿದೇಶಿ ಆಟಗಾರರ ನಿಯಮವೂ ಇದಕ್ಕೇ ಸೇರುತ್ತದೆ. ಎಎಫ್‌ಸಿ ಕಪ್‌ನಲ್ಲಿ, ಉದಾಹರಣೆಗೆ 2016ರಲ್ಲಿ, ಮೂವರು ವಿದೇಶಿಯರು, ಜೊತೆಗೆ ಏಷ್ಯಾದ ಒಬ್ಬರು ಅಂತ ಮಿತಿ ಇತ್ತು. 2024-25ರಿಂದ ಎಲೈಟ್ ಮತ್ತು ಟೂ ಎರಡರಲ್ಲೂ ಆ ಮಿತಿ ತೆಗೆದರು. ಐಎಸ್‌ಎಲ್‌ನಲ್ಲಿ ಒಂದು ಸಲಕ್ಕೆ ಅಂಗಳದಲ್ಲಿ ನಾಲ್ವರು ವಿದೇಶಿಯರಷ್ಟೇ. ನಮ್ಮ ಕ್ಲಬ್‌ಗಳು ತಂಡ ಕಟ್ಟುವುದು ಐಎಸ್‌ಎಲ್ ಲೆಕ್ಕಕ್ಕೆ. ಹಾಗಾಗಿ ಈ ಸಡಿಲಿಕೆಯ ಲಾಭ ಜಾಸ್ತಿ ಸಿಕ್ಕಿದ್ದು ಹಣವಂತ ಲೀಗ್‌ಗಳಿಗೆ. ಅಂಗಳದ ವಿಷಯದಲ್ಲೂ ಎಎಫ್‌ಸಿ ಕಟ್ಟುನಿಟ್ಟು. 2023ರಲ್ಲಿ ಮುಂಬೈ ಸಿಟಿ ಮೇಲಿನ ದರ್ಜೆಯಲ್ಲಿ ಆಡುವಾಗ ಇರಾನ್‌ನ ನಸ್ಸಾಜಿ ವಿರುದ್ಧದ ತವರಿನ ಪಂದ್ಯವನ್ನು ಪುಣೆಯ ಬಾಲೆವಾಡಿಯಲ್ಲಿ ಆಡಿತು, ಅಲ್ ಹಿಲಾಲ್ ವಿರುದ್ಧದ್ದನ್ನು ನವಿ ಮುಂಬೈನ ಡಿವೈ ಪಾಟೀಲ್‌ನಲ್ಲಿ. ಪುಣೆಯ ಗೆಳೆಯರು ಈ ಅಂಗಳವನ್ನು ಒಮ್ಮೆ ನೋಡಿ ಬನ್ನಿ.

ಅಂಕಪಟ್ಟಿ ಓದುವಾಗ ಒಂದು ನಿಯಮ ಗಟ್ಟಿಯಾಗಿ ಹಿಡಿಯಿರಿ. ಇಬ್ಬರ ಅಂಕ ಸಮ ಆದರೆ ಎಎಫ್‌ಸಿ ಮೊದಲು ನೋಡುವುದು ಒಟ್ಟು ಗೋಲು ವ್ಯತ್ಯಾಸವನ್ನಲ್ಲ, ಆ ಇಬ್ಬರ ನಡುವಿನ ಪಂದ್ಯಗಳನ್ನು. ಒಂದು ತಂಡಕ್ಕೆ 9 ಅಂಕ, ಗೋಲು ವ್ಯತ್ಯಾಸ 5 ಅಂತಿಟ್ಟುಕೊಳ್ಳಿ. ಇನ್ನೊಂದಕ್ಕೂ 9 ಅಂಕ, ವ್ಯತ್ಯಾಸ 1. ಎರಡನೆಯದು ಮೊದಲನೆಯದನ್ನು ತವರಿನಲ್ಲಿ 1-0ರಿಂದ ಸೋಲಿಸಿ, ಅಲ್ಲಿ 0-0 ಡ್ರಾ ಮಾಡಿದ್ದರೆ ಮೇಲೆ ಕೂರುವುದು ಎರಡನೆಯದೇ. ದೊಡ್ಡ ತಂಡದ ಎದುರು ತವರಿನಲ್ಲಿ ಒಂದು ಗೆಲುವು, ಅವರ ಊರಿನಲ್ಲಿ ಒಂದು ಡ್ರಾ ಎಷ್ಟು ಬೆಲೆಬಾಳುತ್ತದೆ ಅಂತ ಇದರಿಂದ ಗೊತ್ತಾಗುತ್ತೆ, ಅಲ್ವಾ?

ಕೊನೆಯದಾಗಿ ಹಿಂದೆ ಸರಿದ ತಂಡಗಳ ವಿಷಯ. 2024ರ ಅಕ್ಟೋಬರ್‌ನಲ್ಲಿ ಭದ್ರತೆಯ ಆತಂಕದಿಂದ ಮೋಹನ್ ಬಾಗಾನ್ ಇರಾನ್‌ನ ತಬ್ರೀಜ್‌ಗೆ ಹೋಗಲಿಲ್ಲ. ಎಎಫ್‌ಸಿ ಅದನ್ನು ಟೂರ್ನಿಯಿಂದ ಹಿಂದೆ ಸರಿದ ಹಾಗೆ ಪರಿಗಣಿಸಿತು. ಅದಕ್ಕೂ ಮೊದಲು ಸಾಲ್ಟ್ ಲೇಕ್‌ನಲ್ಲಿ ತಜಿಕಿಸ್ತಾನದ ರವ್ಶಾನ್ ಜೊತೆ ಆಡಿದ 0-0 ಪಂದ್ಯವೂ ಲೆಕ್ಕದಿಂದ ಹೋಯಿತು. ಮರುವರ್ಷ ಇರಾನ್‌ನದೇ ಇಸ್ಫಹಾನ್‌ಗೂ ಹೋಗಲಿಲ್ಲ, ಅದೇ ಫಲ. ಆದ್ದರಿಂದ 2024-25ರ ಎ ಗುಂಪಿನ ಪಟ್ಟಿ ತೆಗೆದಾಗ ಮೂರೇ ತಂಡ, ತಲಾ ನಾಲ್ಕೇ ಪಂದ್ಯ ಕಾಣುತ್ತವೆ. ಆ ಗುಂಪಿನ ಅಂಕಗಳನ್ನು ಆರು ಪಂದ್ಯ ಆಡಿದ ಬೇರೆ ಗುಂಪುಗಳ ಅಂಕಗಳ ಪಕ್ಕ ಇಟ್ಟು ಹೋಲಿಸಬೇಡಿ.